ದರಖಾಸ್ತಿನ ಭೂಮಿ, ಸರ್ಕಾರದ ಮರ

ತುರುವೇಕೆರೆ ತಾಲ್ಲೂಕಿನ ದಬ್ಬೇಘಟ್ಟ ಹೋಬಳಿಯಲ್ಲಾಗಲಿ, ನೆರೆಯ ತಿಪಟೂರು, ಚಿಕ್ಕನಾಯಕನಹಳ್ಳಿ ಸೀಮೆಗಳಲ್ಲಾಗಲಿ ತೆಂಗಿನ ಮರವು ಯಾರದೆಂದು ಕೇಳುವವರಿಲ್ಲ, ಅದು ನೆಟ್ಟವನದು. ಮುದಿಯಾದ ತೆಂಗನ್ನು ಕಡಿಯುವುದಕ್ಕೆ 1976ರ ವೃಕ್ಷ ಸಂರಕ್ಷಣಾ ಕಾಯಿದೆಯು ಸಹ ಅಪ್ಪಣೆಯನ್ನು ಬೇಡುವುದಿಲ್ಲ. ಆದರೆ ಸಾಗುವಳಿ ಚೀಟಿಯು ಕೈಸೇರುವುದಕ್ಕೆ ಮೊದಲೇ ಆ ಭೂಮಿಯಲ್ಲಿ ನಿಂತಿದ್ದ ಹೆಮ್ಮರವು ಯಾರದೆಂದು ದರಖಾಸ್ತುದಾರನು ಕೇಳಿದನೆನ್ನಿ. ರೆವಿನ್ಯೂ ಇಲಾಖೆಯವರು ಅರಣ್ಯ ಇಲಾಖೆಯ ಕಡೆಗೂ, ಅರಣ್ಯ ಇಲಾಖೆಯವರು ತಾಲ್ಲೂಕು ಕಚೇರಿಯ ಕಡೆಗೂ ಕೈ ತೋರಿಸುವರು. ಮರದ ನೆರಳಿನಲ್ಲಿ ಎಳೆಯ ತೆಂಗು ಸೊರಗುತ್ತಿರುವುದು ಮಾತ್ರ ಯಾರ ಕಡತಕ್ಕೂ ಏರುವುದಿಲ್ಲ.

ಇಂತಹ ನೀತಿಯ ಫಲವೇನೆಂಬುದನ್ನು ಶ್ರೀಗಂಧವು ನಮಗೆ ಎಂದೋ ಕಲಿಸಿರಬೇಕಾಗಿತ್ತು. 1792ರಲ್ಲಿ ಟಿಪ್ಪು ಸುಲ್ತಾನನು ಗಂಧವನ್ನು ರಾಜವೃಕ್ಷವೆಂದು ಸಾರಿದನು. ಅವನ ತರುವಾಯದ ಮೈಸೂರು ಸರ್ಕಾರವಾಗಲಿ, 1956ರಲ್ಲಿ ಏಕೀಕರಣಗೊಂಡ ರಾಜ್ಯವಾಗಲಿ ಆ ಹಕ್ಕನ್ನು ಬಿಟ್ಟುಕೊಡಲಿಲ್ಲ. ಹೊಲ ರೈತನದು, ಕಂದಾಯ ರೈತನದು, ಕಾವಲೂ ರೈತನದು. ಮರ ಮಾತ್ರ ಸರ್ಕಾರದ್ದು! ರಾತ್ರೋರಾತ್ರಿ ಕಳ್ಳರು ಮರವನ್ನು ಕೊಯ್ದರೆ ಮೊದಲ ಅನುಮಾನವೂ ಅವನ ಮೇಲೆಯೇ. ವಿವೇಕಿಯಾದ ರೈತನು ಏನು ಮಾಡಿಯಾನು? ಎರಡೆಲೆಯ ಸಸಿಯನ್ನು ಕಂಡಲ್ಲಿಯೇ ಕಿತ್ತೆಸೆದನು. 1916ರಲ್ಲಿ ಗಂಧದೆಣ್ಣೆಯ ಕಾರ್ಖಾನೆಯನ್ನು ತೆರೆದು ಲೋಕಪ್ರಸಿದ್ಧವಾದ ನಾಡು, ಆ ಗಂಧವನ್ನು ಬೆಳೆಯಬಲ್ಲ ಕೈಗಳನ್ನೇ ಬೆದರಿಸಿ ದೂರವಿಟ್ಟಿತು. ಕಡೆಗೆ 2001ರಲ್ಲಿ ಅರಣ್ಯ ಕಾಯಿದೆಗೆ ತಿದ್ದುಪಡಿಯಾಗಿ, ತನ್ನ ಭೂಮಿಯಲ್ಲಿರುವ ಗಂಧಕ್ಕೆ ಭೂಮಿಯ ಹಿಡುವಳಿದಾರನೇ ಒಡೆಯನೆಂದಾಯಿತು. ಅಂದಿನಿಂದ ರೈತರು ತಾವಾಗಿಯೇ ಗಂಧವನ್ನು ನೆಡತೊಡಗಿದರು. ಇಷ್ಟು ಸರಳವಾದ ಸಂಗತಿಯು ಸರ್ಕಾರಗಳಿಗೆ ತಿಳಿಯಲು ಇನ್ನೂರು ವರ್ಷಗಳಿಗಿಂತ ಹೆಚ್ಚು ಬೇಕಾಯಿತು.

ಉಳಿದ ಮರಗಳ ಗತಿಯೇನು? ಕೊಡಗಿನಲ್ಲಿ ಮರದ ಬೆಲೆಯನ್ನು ಸರ್ಕಾರಕ್ಕೆ ಕಟ್ಟಿ ಬಿಡಿಸಿಕೊಂಡ ಭೂಮಿ ಒಂದು ಬಗೆ, ಬಿಡಿಸಿಕೊಳ್ಳದಿರುವುದು ಇನ್ನೊಂದು ಬಗೆ. ಎರಡನೆಯ ಬಗೆಯ ಭೂಮಿಯಲ್ಲಿ ತಲೆತಲಾಂತರದಿಂದ ಬಾಳುತ್ತಿರುವವನಿಗೂ ಮರದ ಮೇಲೆ ಪೂರ್ಣ ಹಕ್ಕಿಲ್ಲ. ಕಾಫಿಯ ಒಡೆಯರು ವಕೀಲರನ್ನಿಟ್ಟು ಹೋರಾಡಿಯಾರು. ಎರಡೆಕರೆಯ ದರಖಾಸ್ತುದಾರನು ಯಾರನ್ನಿಟ್ಟಾನು?

ಹಾಗೆಂದು ಕಣ್ಣುಮುಚ್ಚಿ ಕೊಡಲಿಯನ್ನು ಕೈಗೆ ಕೊಡಿರೆಂದು ನಾವು ಹೇಳುವವರಲ್ಲ. ನಮ್ಮ ಕಾಸರಗೋಡಿನ ಕನ್ನಡ ರೈತರೂ ಒಳಪಟ್ಟಿರುವ ಕೇರಳದಲ್ಲಿ, 1964ರ ನಿಯಮಗಳ ಮೇರೆಗೆ ಮಂಜೂರಾದ ಭೂಮಿಯ ಮರಗಳ ವಿಷಯವಾಗಿ 2020ರ ಅಕ್ಟೋಬರಿನಲ್ಲಿ ಒಂದು ಆಜ್ಞೆ ಹೊರಟಿತು. 2021ರ ಫೆಬ್ರವರಿಯಲ್ಲಿ ಅದು ರದ್ದಾಯಿತು. ಈ ನಡುವಿನ ಕೆಲವೇ ತಿಂಗಳುಗಳಲ್ಲಿ ವಯನಾಡಿನ ಮುಟ್ಟಿಲ್‌ನಲ್ಲಿ ಹಳೆಯ ಬೀಟೆಮರಗಳು ಉರುಳಿದುವು. ಭೂಮಿ ಪಡೆದ ಆದಿವಾಸಿಗಳ ಕೈಗೆ ಬಂದುದು ಅಲ್ಪ. ಮೊಕದ್ದಮೆಯ ಭೀತಿ ಮಾತ್ರ ಧಾರಾಳ. ಅಸ್ಪಷ್ಟವಾದ ಆಜ್ಞೆಯಿಂದ ಲಾಭ ಪಡೆಯುವವನು ಎಲ್ಲೆಲ್ಲಿಯೂ ನಾಟಾ ವ್ಯಾಪಾರಿಯೇ ಹೊರತು ರೈತನಲ್ಲ.

ಆದುದರಿಂದ ನಾವು ಕೇಳುವುದು ಸ್ಪಷ್ಟತೆಯನ್ನು. ಬಗರ್‌ಹುಕುಂ ಸಾಗುವಳಿಯನ್ನು ಸಕ್ರಮಗೊಳಿಸುವಾಗಲೇ ಮರಗಳನ್ನು ಎಣಿಸಿ, ಗ್ರಾಮಸ್ಥರ ಎದುರಿನಲ್ಲಿ ಮಹಜರು ಬರೆದು, ಯಾವ ಮರ ಯಾರದೆಂಬುದನ್ನು ಸಾಗುವಳಿ ಚೀಟಿಯಲ್ಲಿಯೇ ನಮೂದಿಸಲಿ. ಬೆಲೆಯನ್ನು ಕಂತುಗಳಲ್ಲಿ ಕಟ್ಟಲು ರೈತನಿಗೆ ಅವಕಾಶವಿರಲಿ. ಊರಿನ ಹಿತಕ್ಕಾಗಿ ಉಳಿಯಲೇಬೇಕಾದ ಹೆಮ್ಮರಗಳಿದ್ದರೆ, ಅವನ್ನು ಕಾಯುವ ರೈತನಿಗೆ ಸರ್ಕಾರವು ವರ್ಷ ವರ್ಷವೂ ಕಾವಲಿನ ಕೂಲಿಯನ್ನು ಕೊಡಲಿ. ಬಿಟ್ಟಿಯ ಕಾವಲನ್ನು ಅರಸರ ಕಾಲದಿಂದಲೂ ಮಾಡಿಸಿಕೊಂಡದ್ದಾಗಿದೆ. ಹಳೆಯ ಮಂಜೂರಾತಿಗಳ ಮರದ ಲೆಕ್ಕವನ್ನು ದಬ್ಬೇಘಟ್ಟ ಹೋಬಳಿಯಿಂದಲೇ ಆರಂಭಿಸಬಹುದು. ತುಮಕೂರು ಜಿಲ್ಲೆಯ ಅಧಿಕಾರಿಗಳು ಮನಸ್ಸು ಮಾಡಿದರೆ ಇದು ಒಂದು ಬೇಸಗೆಯ ಕೆಲಸ.