ದುಧನಿ ಸ್ಟೇಷನ್ನಿಗೆ 60, ದುಧನಿ ಶಾಲೆಗೆ 58!



ನಮ್ಮ ಅಕ್ಕಲಕೋಟ ತಾಲೂಕಿನ ದುಧನಿಯಲ್ಲಿ ಸ್ಟೇಷನ್ ಮಾಸ್ತರರು ನಿವೃತ್ತರಾಗುವುದು 60ಕ್ಕೆ. ಅವರದು ಮಧ್ಯ ರೇಲ್ವೆಯ ಸೋಲಾಪುರ ವಿಭಾಗ, ಅಂದರೆ ಕೇಂದ್ರ ಸರ್ಕಾರ. ಅದೇ ಊರಿನ ಜಿಲ್ಲಾ ಪರಿಷತ್ ಶಾಲೆಯ ಮಾಸ್ತರರು 58ಕ್ಕೇ ಮನೆಗೆ. ಗಡಿ ದಾಟಿ ಆಳಂದ, ಅಫಜಲಪುರದ ಕಡೆ ಹೋದರೆ ಅಲ್ಲಿನ ಕನ್ನಡ ಮಾಸ್ತರರಿಗೆ ಮತ್ತೆ 60!

ಕೇಂದ್ರ ಸರ್ಕಾರ 1998ರಲ್ಲಿ, ಐದನೇ ವೇತನ ಆಯೋಗದ ಶಿಫಾರಸಿನ ನಂತರ, 58ನ್ನು 60 ಮಾಡಿತು. ಕರ್ನಾಟಕ 2008ರಲ್ಲಿ ಮಾಡಿತು. ಮಹಾರಾಷ್ಟ್ರದಲ್ಲಿ ನಾಲ್ಕನೇ ದರ್ಜೆಯ ನೌಕರರಿಗೆ 60 ಇದೆ, ಉಳಿದ ಬಹುತೇಕರಿಗೆ 58. ಸಿಪಾಯಿಗೆ ಸಿಕ್ಕದ್ದಕ್ಕೆ ನಮಗೆ ಹೊಟ್ಟೆಕಿಚ್ಚಿಲ್ಲ, ಆದರೆ ಸಾಹೇಬನಿಗಿಂತ ಅವನ ಆರೋಗ್ಯ ಎರಡು ವರ್ಷ ಗಟ್ಟಿ ಎಂದು ಯಾವ ಡಾಕ್ಟರರು ಹೇಳಿದರೋ! ಉಳಿದ ಕನ್ನಡ ಶಾಲೆಗಳನ್ನೂ ನೋಡಿ: ಕಾಸರಗೋಡಿನಲ್ಲಿ ಹಳೆ ಪಿಂಚಣಿಯವರಿಗೆ 56, ತೆಲಂಗಾಣದ ನಾರಾಯಣಪೇಟೆಯಲ್ಲಿ 2021ರಿಂದ 61, ಆಂಧ್ರದಲ್ಲಿ 2022ರಿಂದ 62. ಕಲಿಸುವುದು ಮಾತ್ರ ಅದೇ ಅ ಆ ಇ ಈ.

ವೇತನ ಆಯೋಗ, ತುಟ್ಟಿಭತ್ಯೆ ಎಂದರೆ ನಮ್ಮ ಸರ್ಕಾರ ಕೇಂದ್ರದ ಕಡೆ ನೋಡುತ್ತದೆ. ಕಚೇರಿಗಳಿಗೆ ಐದು ದಿನದ ವಾರವೂ 2020ರಲ್ಲಿ ಬಂತು. ವಯಸ್ಸಿನ ಮಾತು ಬಂದಾಗ ಮಾತ್ರ ಕೇಂದ್ರ ಬೇರೆ, ರಾಜ್ಯ ಬೇರೆ!

ನಿರುದ್ಯೋಗಿ ತರುಣರ ಗತಿ ಏನು ಎಂದು ಕೇಳುವವರಿದ್ದಾರೆ. ನ್ಯಾಯವಾದ ಪ್ರಶ್ನೆಯೇ. ಡಿ.ಎಡ್. ಮಾಡಿ ಕುಳಿತ ಹುಡುಗರು ನಮ್ಮ ಮನೆಗಳಲ್ಲೂ ಇದ್ದಾರೆ. ಆದರೆ ಹಿರಿಯರು ಹೋದ ಜಾಗೆ ಅವರಿಗೆ ಸಿಗುತ್ತಿದೆಯೇ? ಭರ್ತಿಗಾಗಿ ವರ್ಷಗಟ್ಟಲೆ ಕಾದು, ಆಮೇಲೆ ಮೂರು ವರ್ಷ ಶಿಕ್ಷಣ ಸೇವಕರಾಗಿ ಮಾನಧನದ ಮೇಲೆ ದುಡಿದು, ಅವರು ಕಾಯಂ ಆಗುವಷ್ಟರಲ್ಲಿ ಮೂವತ್ತು ದಾಟಿರುತ್ತದೆ. 2005ರ ನವೆಂಬರ್ ನಂತರ ಸೇರಿದವರಿಗೆ ಹಳೆ ಪಿಂಚಣಿಯ ಆಸರೆಯೂ ಇಲ್ಲ. 2023ರ ಮಾರ್ಚ್‌ನಲ್ಲಿ ನೌಕರರು ಬೀದಿಗಿಳಿದದ್ದು ಅದಕ್ಕೇ. ತಡವಾಗಿ ಸೇರಿದವರಿಗೆ ಕೊನೆಯ ಎರಡು ವರ್ಷದ ಪೂರ್ಣ ಪಗಾರ ಎಂದರೆ ಸಣ್ಣ ಮಾತಲ್ಲ.

ಇನ್ನು ಮೇ 31ರ ಸಂಗತಿ. ಹುಟ್ಟಿದ ದಿನ ಗೊತ್ತಿಲ್ಲದ ಮಕ್ಕಳಿಗೆಲ್ಲ ದಾಖಲೆಯಲ್ಲಿ ಜೂನ್ 1 ಎಂದು ಬರೆಯುವ ರೂಢಿ ನಮ್ಮ ಮಾಸ್ತರರದೇ. ತಿಂಗಳ ಮೊದಲ ದಿನ ಹುಟ್ಟಿದವರು ಹಿಂದಿನ ತಿಂಗಳ ಕೊನೆಗೇ ನಿವೃತ್ತಿ ಎಂಬುದು ನಿಯಮ. ಹಾಗಾಗಿ ಮೇ 31ಕ್ಕೆ ಸಾಲುಸಾಲಾಗಿ ಶಾಲು, ಹಾರ. ಜೂನ್‌ನಲ್ಲಿ ಶಾಲೆ ತೆರೆದಾಗ ಕುರ್ಚಿ ಖಾಲಿ! ಮರಾಠಿ ಶಾಲೆಯಾದರೆ ಪಕ್ಕದ ಶಾಲೆಯಿಂದ ಒಬ್ಬರನ್ನು ಕಳಿಸಿ ತೂಗಿಸಬಹುದು. ಕನ್ನಡ ಶಾಲೆಗೆ ಯಾರನ್ನು ಕಳಿಸುತ್ತಾರೆ? ಜತ್ತ ತಾಲೂಕಿನ ಕನ್ನಡ ಶಾಲೆಗಳಿಗೆ ಮರಾಠಿ ಶಿಕ್ಷಕರನ್ನು ಹಾಕಿದ್ದು 2024ರಲ್ಲಿ ಕರ್ನಾಟಕದವರೆಗೂ ಸದ್ದು ಮಾಡಿತ್ತು.

ಆದ್ದರಿಂದ ನಮಗೂ 60 ಬೇಕು. ಆದರೆ ‘ಹಳಬರು ಇದ್ದಾರಲ್ಲ’ ಎಂದು ಆ ಎರಡು ವರ್ಷ ಭರ್ತಿ ನಿಲ್ಲಿಸುವುದಾದರೆ ಅಂಥ 60 ನಮಗೆ ಬೇಡ. ಸಂಘಟನೆಯ ಕೆಲವು ಹಿರಿಯರಿಗೆ ಈ ಮಾತು ಹಿಡಿಸುವುದಿಲ್ಲ, ಇರಲಿ. ಮುಂದಿನ ನಿವೇದನೆಯಲ್ಲಿ 60ರ ಬೇಡಿಕೆಯ ಕೆಳಗೇ ಇನ್ನೊಂದು ಸಾಲು ಇರಬೇಕು: ಪವಿತ್ರ ಪೋರ್ಟಲ್‌ನಲ್ಲಿ ಸೋಲಾಪುರ ಜಿಲ್ಲೆಯ ಖಾಲಿ ಇರುವ ಕನ್ನಡ ಮಾಧ್ಯಮದ ಪ್ರತಿಯೊಂದು ಜಾಗೆಯನ್ನೂ ತೋರಿಸಿ, ಕನ್ನಡದಲ್ಲಿ ಕಲಿತವರಿಂದಲೇ ತುಂಬಿರಿ.