ಕ್ಯಾಮರಾ ನಮ್ಮ ಜಮಾಅತಿನ ಕಡೆ ತಿರುಗಿದಾಗ

2025ರ ಎಪ್ರಿಲ್ ಕೊನೆಯಿಂದ ಮೇ ಕೊನೆಯೊಳಗೆ ಕುಡುಪು, ಬಜ್ಪೆ, ಕೊಳತ್ತಮಜಲು ಅಂತ ಒಂದರ ಹಿಂದೆ ಒಂದು ಕೊಲೆ ನಡೆದಾಗ ನಮ್ಮ ಮೊಬೈಲಿಗೆ ವೀಡಿಯೊಗಳು ಬಂದದ್ದೇ ಬಂದದ್ದು. ಎಲ್ಲವೂ ಕೆಲವು ಸೆಕೆಂಡಿನ ತುಣುಕುಗಳು. ಅದರ ಹಿಂದೆ ಏನಿತ್ತು, ಲಾಭ ಯಾರಿಗೆ ಎಂಬುದು ಯಾವುದರಲ್ಲೂ ಇರಲಿಲ್ಲ. ಅವರ ಗ್ರೂಪಿನಲ್ಲಿ ಅವರದ್ದು, ನಮ್ಮ ಗ್ರೂಪಿನಲ್ಲಿ ನಮ್ಮದು.

ಇಂಥ ಹೊತ್ತಲ್ಲಿ ಬೆಂಗಳೂರಿನ ಸಾಕ್ಷ್ಯಚಿತ್ರ ನಿರ್ದೇಶಕಿ ದೀಪಾ ಧನರಾಜ್ ಅವರ ಕೆಲಸ ನಮ್ಮ ಮನೆಗಳಿಗೆ ತಿಳಿದಿರಬೇಕು. 2023ರಲ್ಲಿ ಕೇರಳದ ಸಾಕ್ಷ್ಯಚಿತ್ರೋತ್ಸವ ಅವರಿಗೆ ಜೀವಮಾನ ಸಾಧನೆ ಪ್ರಶಸ್ತಿ ಕೊಟ್ಟಿತು. ಇಲ್ಲಿ ನಮ್ಮವರಿಗೆ ಹೆಸರೇ ಗೊತ್ತಿಲ್ಲ!

1980ರಲ್ಲಿ ಗೆಳತಿಯರ ಜೊತೆ ಅವರು 'ಯುಗಾಂತರ್' ಎಂಬ ತಂಡ ಕಟ್ಟಿದರು. ಆ ತಂಡದ 1982ರ ಚಿತ್ರ ನಿಪ್ಪಾಣಿಯ ತಂಬಾಕು ಕಾರ್ಖಾನೆಯ ಹೆಂಗಸರದ್ದು. ಧೂಳು ಕುಡಿದು, ಬೈಗುಳ ತಿಂದು, ಕೊನೆಗೆ ಸಂಘ ಕಟ್ಟಿದವರ ಕಥೆ. ಮೊರ ಮಡಿಲಲ್ಲಿಟ್ಟು ಬೀಡಿ ಕಟ್ಟಿ ನಮ್ಮನ್ನು ಓದಿಸಿದ ಉಮ್ಮಂದಿರಿಗೆ ಆ ಹೊಗೆಸೊಪ್ಪಿನ ಘಾಟನ್ನು ಯಾರೂ ವಿವರಿಸಬೇಕಾಗಿಲ್ಲ.

ಆಮೇಲೆ ಬಂದದ್ದು 1986ರ 'ಕ್ಯಾ ಹುವಾ ಇಸ್ ಶಹರ್ ಕೋ?'. ಛಾಯಾಗ್ರಹಣ ಅವರ ಪತಿ ನವ್ರೋಜ್ ಕಾಂಟ್ರಾಕ್ಟರ್ ಅವರದ್ದು. 1984ರಲ್ಲಿ ಎನ್.ಟಿ. ರಾಮರಾವ್ ಸರಕಾರವನ್ನು ಉರುಳಿಸಿ, ಒಂದು ತಿಂಗಳಲ್ಲಿ ಮತ್ತೆ ಕೂರಿಸಿದ ದಿನಗಳು. ಹೈದರಾಬಾದಿನ ಹಳೇ ಪೇಟೆಯಲ್ಲಿ ಗಲಭೆ, ಕರ್ಫ್ಯೂ. ದಿನಗೂಲಿ ನಿಂತು ಒಲೆ ಉರಿಯದ ಮನೆಗಳಿಗೆ ಕ್ಯಾಮರಾ ಹೋಯಿತು. ಕುರ್ಚಿ ರಾಜಕೀಯಕ್ಕೂ ಬೀದಿಯ ರಕ್ತಕ್ಕೂ ಇರುವ ನಂಟನ್ನು ಹುಡುಕಿತು. ಎರಡೂ ಕಡೆಯ ನಾಯಕರನ್ನು ಅದು ಬಿಡಲಿಲ್ಲ, ಮುಸ್ಲಿಮರ ಹೆಸರಲ್ಲಿ ಮಾತಾಡುವವರನ್ನೂ ಸಹ. ನಮ್ಮ ವಾಟ್ಸಪ್ ತುಣುಕಿಗೂ ಈ ಕೆಲಸಕ್ಕೂ ಇರುವ ವ್ಯತ್ಯಾಸ ಇದೇ.

ಇಲ್ಲಿಯವರೆಗೆ ಯಾರಿಗೂ ತಕರಾರಿರಲಿಕ್ಕಿಲ್ಲ. ಕಷ್ಟ ಆಗುವುದು 2011ರ 'ಇನ್ವೋಕಿಂಗ್ ಜಸ್ಟಿಸ್' ಚಿತ್ರದಿಂದ. ಹೆಣ್ಣಿನ ತಲಾಖ್, ಮಹರ್, ಪೆಟ್ಟಿನ ವಿಷಯವನ್ನು ಅವಳನ್ನು ಒಳಗೆ ಕರೆಯದೆ ಗಂಡಸರೇ ತೀರ್ಮಾನಿಸುವ ಜಮಾಅತುಗಳಿಗೆ ಎದುರಾಗಿ ತಮಿಳುನಾಡಿನ ಮುಸ್ಲಿಂ ಹೆಂಗಸರು 2004ರಲ್ಲಿ ತಮ್ಮದೇ ಜಮಾಅತ್ ಮಾಡಿಕೊಂಡರು. ಚಿತ್ರ ಬರುವ ಹೊತ್ತಿಗೆ 12 ಜಿಲ್ಲೆ, 12,000 ಸದಸ್ಯೆಯರು, 8,000ಕ್ಕೂ ಹೆಚ್ಚು ಪ್ರಕರಣಗಳು.

ಇಂಥ ಚಿತ್ರದ ಮಾತೆತ್ತಿದರೆ ಸಾಕು, 'ಹೊರಗಿನವರಿಗೆ ನಮ್ಮ ಮನೆ ವಿಷಯ ಯಾಕೆ' ಅನ್ನುವವರಿದ್ದಾರೆ. ಕರ್ಫ್ಯೂ ದಿನ ನಮ್ಮ ಹಸಿವನ್ನು ಚಿತ್ರೀಕರಿಸಿದಾಗಲೂ ಅವರು ಹೊರಗಿನವರೇ ಆಗಿದ್ದರು. ಆಗ ಬೇಕಾದ ಸಾಕ್ಷಿ ಈಗ ಬೇಡವೆಂದರೆ ಹೇಗೆ? ಚಿತ್ರದಲ್ಲಿ ಬರುವ ಪ್ರತಿಯೊಂದು ಮಸ್‌ಅಲಕ್ಕೂ ನಾವು ತಲೆಯಾಡಿಸುತ್ತೇವೆ ಅಂತಲ್ಲ. ಫಿಕ್‌ಹ್ ಬಲ್ಲ ಉಲಮಾಗಳು ಉತ್ತರಿಸಬೇಕಾದ ಪ್ರಶ್ನೆಗಳು ಅದರಲ್ಲಿವೆ. ಆದರೆ ಹೆಣ್ಣಿನ ಮಾತನ್ನು ಅವಳ ಬಾಯಿಂದಲೇ ಕೇಳುವ ವಿಷಯದಲ್ಲಿ ಭಿನ್ನಾಭಿಪ್ರಾಯಕ್ಕೆ ಜಾಗ ಎಲ್ಲಿದೆ? ಗಂಡನ ಮೇಲಿನ ದೂರು ಹೊತ್ತು ಖೌಲಾ ಬೀವಿ ನೇರ ಪ್ರವಾದಿಯವರ (ಸ.ಅ.) ಬಳಿಗೇ ಬಂದು ವಾದಿಸಿದ್ದರು. ಸೂರಃ ಅಲ್‌ಮುಜಾದಲಃ ಇಳಿದದ್ದು ಆ ಸಂದರ್ಭದಲ್ಲಿ. ಮದ್ರಸದ ಮಕ್ಕಳಿಗೆ ನಾವು ಇದನ್ನು ಕಲಿಸುತ್ತೇವೆ. ಅದೇ ಮಕ್ಕಳ ಅಕ್ಕಂದಿರು ಜಮಾಅತ್ ಕಚೇರಿಯ ಹೊರಗೆ ಆಟೋದಲ್ಲಿ ಕೂತು ಕಾಯುತ್ತಾರೆ.

ಚಿತ್ರ ಒಂದೂವರೆ ಗಂಟೆಯೊಳಗೆ ಮುಗಿಯುತ್ತದೆ. ಆಡಳಿತ ಸಮಿತಿಯವರು ಒಂದು ಸಂಜೆ ಕೂತು ನೋಡಲಿ. ಮನೆಯ ಹೆಂಗಸರನ್ನೂ ಕೂರಿಸಿಕೊಂಡು ನೋಡಿದರೆ ಇನ್ನೂ ಒಳ್ಳೆಯದು.