ಕಲ್ಯಾಣದ ಕಡೆಗೂ ಒಂದು ಕ್ಯಾಮೆರಾ ಬರಲಿ

ಮಲಯಾಳಂ ಸಿನಿಮಾ ನೋಡಿ ಬಂದವರೆಲ್ಲ ಈಗ ಒಂದೇ ಮಾತಾಡುತ್ತಾರೆ: ಅವರ ಹತ್ತಿರ ಕಥೆ ಇದೆ, ನಮ್ಮ ಹತ್ತಿರ ಇಲ್ಲ. ಇದನ್ನು ನಾನು ಒಪ್ಪುವುದಿಲ್ಲ. ಕಥೆಗೆ ಬರವಿಲ್ಲ, ಊರುಗಳತ್ತ ನೋಡುವ ಮನಸ್ಸಿಗೆ ಬರ ಬಂದಿದೆ. ಬೀದರ್ ಜಿಲ್ಲೆಯ ಬಸವಕಲ್ಯಾಣ, ಹುಮನಾಬಾದ್‌ಗಳೇ ಇದಕ್ಕೆ ಸಾಕ್ಷಿ.

1959ರ ‘ಜಗಜ್ಯೋತಿ ಬಸವೇಶ್ವರ’ದ ಕಾಲದಿಂದಲೂ ನಮ್ಮ ಚಿತ್ರರಂಗಕ್ಕೆ ಕಲ್ಯಾಣ, ಅಂದರೆ ಇಂದಿನ ಬಸವಕಲ್ಯಾಣ, ಗೊತ್ತು. ಗೊತ್ತಿರುವುದು ಅರಸ ಬಿಜ್ಜಳನ ಆಸ್ಥಾನ ಮಾತ್ರ. 12ನೇ ಶತಮಾನದ ನಂತರವೂ ಇಲ್ಲಿ ಜನ ಬದುಕಿದ್ದಾರೆ ಎಂಬುದು ಅದಕ್ಕೆ ಬೇಕಾಗಿಲ್ಲ. ಬಸವಕಲ್ಯಾಣದ ಆಟೊ ನಗರಕ್ಕೆ ಬಂದು ನೋಡಲಿ. ಚಾಸಿಯ ಮೇಲೆ ಲಾರಿಯ ಬಾಡಿ ಏಳುತ್ತಿರುತ್ತದೆ, ವೆಲ್ಡಿಂಗ್ ಕಿಡಿ ಹಾರುತ್ತಿರುತ್ತದೆ. ಮಾಲೀಕ ಮರಾಠಿಯಲ್ಲಿ ರೇಟು ಕೇಳಿದರೆ ಮಿಸ್ತ್ರಿ ದಖನಿಯಲ್ಲಿ ಹೇಳುತ್ತಾನೆ, ಚಹಾದ ಹುಡುಗನನ್ನು ಇಬ್ಬರೂ ಕನ್ನಡದಲ್ಲಿ ಕೂಗುತ್ತಾರೆ. ಪುಣೆ–ಹೈದರಾಬಾದ್ ಹೆದ್ದಾರಿಯಲ್ಲಿ ಹುಮನಾಬಾದ್‌ಗೆ ಹೋದರೆ ವೀರಭದ್ರೇಶ್ವರನ ಜಾತ್ರೆಯಿದೆ. ಪಕ್ಕದ ಮಾಣಿಕನಗರದಲ್ಲಿ, ಹಿಂದೂ–ಮುಸ್ಲಿಮರಿಬ್ಬರೂ ನಡೆದುಕೊಳ್ಳುವ ಸಂತ ಮಾಣಿಕ ಪ್ರಭುಗಳ ಸಂಸ್ಥಾನವಿದೆ. ಇಷ್ಟು ಸಾಲದೆ?

ಆದರೆ ತೆರೆಯ ಮೇಲೆ ನಮ್ಮ ಭಾಗದವರು ಬರುವುದು ಬಹುಪಾಲು ನಗಿಸಲಿಕ್ಕೆ. ಅದೂ ಬೀದರ್ ಮಾತಲ್ಲ, ಧಾರವಾಡದ ಮಾತನ್ನು ಅರೆಬರೆ ಅನುಕರಿಸಿ ‘ಉತ್ತರ ಕರ್ನಾಟಕ’ ಎಂದು ಹಣೆಪಟ್ಟಿ ಹಚ್ಚುತ್ತಾರೆ. ಇದು ಅವಮಾನ.

ಕೇರಳದ ಮಲಪ್ಪುರಂ ಜಿಲ್ಲೆಯನ್ನು ಕೂಡ ಮಲಯಾಳಂ ಸಿನಿಮಾ ಬಹುಕಾಲ ಅನುಮಾನದಿಂದಲೇ ತೋರಿಸಿತ್ತು. 2018ರಲ್ಲಿ ನಿರ್ದೇಶಕ ಜಕರಿಯಾ ‘ಸುಡಾನಿ ಫ್ರಮ್ ನೈಜೀರಿಯಾ’ ಮಾಡಿದರು. ಏಳೇಳು ಮಂದಿ ಆಡುವ ಸೆವೆನ್ಸ್ ಫುಟ್‌ಬಾಲ್ ಮೈದಾನ, ಗಾಯಗೊಂಡ ಪರದೇಶದ ಆಟಗಾರನನ್ನು ಮಗನಂತೆ ನೋಡಿಕೊಳ್ಳುವ ಮುಸ್ಲಿಂ ತಾಯಂದಿರು, ಆ ಮನೆಯದೇ ಮಾತು. ವಾಸ್ತವತೆ ಎಂದರೆ ಹೀಗೆ, ಜನರಿಗೆ ಅವರ ಮುಖವನ್ನು ಮರಳಿ ಕೊಡುವುದು. ಕೇರಳದ ಚಿತ್ರರಂಗವೇನೂ ಆದರ್ಶವಲ್ಲ. 2024ರಲ್ಲಿ ಹೊರಬಂದ ಹೇಮಾ ಸಮಿತಿ ವರದಿ ಅಲ್ಲಿ ಹೆಣ್ಣುಮಕ್ಕಳು ಪಟ್ಟ ಪಾಡು ಹೇಳಿದೆ. ಕಲಿಯಬೇಕಾದ್ದು ಊರನ್ನು ನಂಬುವ ಆ ಧೈರ್ಯವನ್ನು.

ಬೀದರ್ ಕನ್ನಡ ಮೈಸೂರಿನವರಿಗೆ ತಿಳಿಯುವುದಿಲ್ಲ, ಹಾಕಿದ ದುಡ್ಡು ಬರುವುದಿಲ್ಲ ಎನ್ನುತ್ತಾರೆ ನಿರ್ಮಾಪಕರು. ಒಂದಕ್ಷರ ಮಲಯಾಳಂ ಬಾರದವರು ಸಬ್‌ಟೈಟಲ್ ಓದಿಕೊಂಡು ‘ಕುಂಬಳಂಗಿ ನೈಟ್ಸ್’ ನೋಡುತ್ತಾರೆ. ಅಂಥವರಿಗೆ ನಮ್ಮ ಕನ್ನಡ ಕಷ್ಟವೇ? ಮಂಡ್ಯ ಸೀಮೆಯ ಹಳ್ಳಿಗರನ್ನೇ ನಟರನ್ನಾಗಿಸಿದ ‘ತಿಥಿ’ ಹೊರದೇಶದಲ್ಲೂ ಪ್ರಶಸ್ತಿ ಗೆದ್ದಿತು. ‘ಕಾಂತಾರ’ ಕರಾವಳಿಯ ಮಾತಿನಲ್ಲೇ ರಾಜ್ಯವನ್ನೆಲ್ಲ ತುಂಬಿತು. ಉತ್ಸವ್ ಗೋನವಾರ ‘ಫೋಟೋ’ದಲ್ಲಿ ರಾಯಚೂರು ಸೀಮೆಯ ಕೂಲಿ ಕುಟುಂಬವನ್ನು ತೆರೆಗೆ ತಂದರು. ದಾರಿ ಇದೆ, ನಡೆಯುವವರು ಕಡಿಮೆ.

2019ರಲ್ಲಿ ಸರ್ಕಾರ ನಮ್ಮ ಭಾಗಕ್ಕೆ ‘ಕಲ್ಯಾಣ ಕರ್ನಾಟಕ’ ಎಂದು ಹೆಸರಿಟ್ಟಿತು. ಹೆಸರು ಸಂತೋಷವೇ. ಇನ್ನು ಚಲನಚಿತ್ರ ಅಕಾಡೆಮಿ ಚಿತ್ರಕಥೆಯ ಶಿಬಿರಗಳನ್ನು ಬಸವಕಲ್ಯಾಣದಲ್ಲಿ, ಹುಮನಾಬಾದ್‌ನಲ್ಲಿ ನಡೆಸಲಿ. ಇಲ್ಲಿಯ ಹುಡುಗ ಹುಡುಗಿಯರು ತಮ್ಮ ಮಾತಿನಲ್ಲೇ ಬರೆದದ್ದಕ್ಕೆ ಸರ್ಕಾರ ಚಿತ್ರಗಳ ಸಹಾಯಧನದಲ್ಲಿ ಪಾಲು ಮೀಸಲಿಡಲಿ. ಮುಂದಿನ ಬಜೆಟ್‌ನಲ್ಲೇ ಇದು ಆಗಬೇಕು.